ಲಾಂಗ್ ಬೀಚಿನ ಶಾಲೆಗಳೂ ನಮ್ಮ ಹಳೆಯ ಕಟ್ಟಡವೂ
(ಶತಮಾನೋತ್ಸವದ ಎರಡನೆಯ ದಿನ, ಪಾಲಕರ ಮತ್ತು ಹಳೆಯ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಮಾಡಿದ ಭಾಷಣದ ಪಾಠ)



ಉತ್ಸವದ ಚಪ್ಪರದಲ್ಲಿ ನಿಂತು ಭೂಕಂಪದ ಮಾತೆತ್ತುವುದು ಕೆಲವರಿಗೆ ಅಪಶಕುನವೆಂದು ತೋರಬಹುದು. ಕಟ್ಟಡದ ಕಸುಬನ್ನೇ ಜೀವನೋಪಾಯವಾಗಿ ಹಿಡಿದಿರುವ ಈ ಶಾಲೆಯ ಹಳೆಯ ವಿದ್ಯಾರ್ಥಿಗಳು ನಾವು ಕೆಲವರಿದ್ದೇವೆ. ಉಪಯೋಗಕ್ಕೆ ಬರುವ ವಿಷಯವೊಂದನ್ನು ಆರಿಸಿಕೊಳ್ಳಿರೆಂದು ಸಮಿತಿಯವರು ಅಪ್ಪಣೆ ಕೊಟ್ಟರು. ನಮ್ಮ ಅರಿವಿನ ಮಿತಿಯಲ್ಲಿ ಇದಕ್ಕಿಂತ ಉಪಯುಕ್ತವಾದುದು ನಮಗೆ ಹೊಳೆಯಲಿಲ್ಲ. ಈ ಅಕ್ಕಲಕೋಟೆ ಸೀಮೆಯಲ್ಲಿ 1993ರ ಸೆಪ್ಟೆಂಬರ್ 30ರ ನಸುಕನ್ನು ಕಂಡವರು ಇಲ್ಲಿ ಅನೇಕರಿದ್ದಾರೆ; ಅವರಿಗೆ ಪೀಠಿಕೆ ಬೇಕಾಗಿಲ್ಲ.

ಆದರೆ ನಾವು ಮೊದಲು ಹೇಳಬೇಕೆಂದಿರುವುದು ಕಿಲ್ಲಾರಿಯ ಕಥೆಯನ್ನಲ್ಲ. ದೂರದ, ಅದಕ್ಕಿಂತ ಅರುವತ್ತು ವರ್ಷ ಹಿಂದಿನ ಒಂದು ಪಟ್ಟಣದ ಕಥೆಯನ್ನು. ಶಾಲೆಯೊಂದರ ಸಭೆಯಲ್ಲಿ ಹೇಳಲು ಅದಕ್ಕಿಂತ ತಕ್ಕುದು ಇನ್ನೊಂದಿಲ್ಲ.

ಅಮೆರಿಕದ ಕ್ಯಾಲಿಫೋರ್ನಿಯಾ ಪ್ರಾಂತದಲ್ಲಿ, ಶಾಂತಸಾಗರದ ದಂಡೆಯ ಮೇಲೆ, ಲಾಂಗ್ ಬೀಚ್ ಎಂಬ ನಗರವಿದೆ. 1933ರ ಮಾರ್ಚ್ 10, ಶುಕ್ರವಾರ. ಸಂಜೆ 5 ಗಂಟೆ 54 ನಿಮಿಷಕ್ಕೆ ಅಲ್ಲಿ ಭೂಮಿ ನಡುಗಿತು. ಕಂಪನದ ಪ್ರಮಾಣ 6.4. ಆ ಪ್ರಾಂತದ ಲೆಕ್ಕಕ್ಕೆ ಇದು ಮಹಾಭೂಕಂಪವಲ್ಲ. 1906ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ನಗರವನ್ನು ಹಾಳುಗೆಡವಿದ ಭೂಕಂಪದ ಮುಂದೆ ಇದು ಚಿಕ್ಕದು. ಆ ಹೊತ್ತಿಗೆ ಅನತಿದೂರದ ಪಸಡೀನಾದಲ್ಲಿ ವಿಜ್ಞಾನಿ ಐನ್‌ಸ್ಟೈನರು ಭೂಕಂಪಶಾಸ್ತ್ರಜ್ಞ ಗುಟೆನ್‌ಬರ್ಗರೊಡನೆ ಭೂಕಂಪಗಳ ವಿಷಯವನ್ನೇ ಚರ್ಚಿಸುತ್ತ ನಡೆಯುತ್ತಿದ್ದರೆಂದೂ, ಮಾತಿನ ಭರದಲ್ಲಿ ಇಬ್ಬರಿಗೂ ನೆಲ ನಡುಗಿದ್ದು ಗೊತ್ತಾಗಲೇ ಇಲ್ಲವೆಂದೂ ಹೇಳುವುದುಂಟು. ವಿದ್ವಾಂಸರ ಏಕಾಗ್ರತೆಗೆ ಈ ಕಥೆ ಒಳ್ಳೆಯ ನಿದರ್ಶನ. ಲಾಂಗ್ ಬೀಚಿನ ಜನಕ್ಕೆ ಅಂಥ ಸೌಭಾಗ್ಯವಿರಲಿಲ್ಲ. ಸುಮಾರು 120 ಮಂದಿ ಸತ್ತರು. ಅವರಲ್ಲಿ ಅನೇಕರು ಕಟ್ಟಡಗಳ ಒಳಗೆ ಸಿಕ್ಕಿ ಸತ್ತವರಲ್ಲ. ಗಾಬರಿಯಿಂದ ಹೊರಗೋಡಿದಾಗ, ಮೇಲಿನಿಂದ ಕಳಚಿ ಬಿದ್ದ ಕೈಪಿಡಿಗೋಡೆ, ಮುಂಚಾಚು, ಇಟ್ಟಿಗೆಯ ಅಲಂಕಾರಗಳ ಕೆಳಗೆ ಸಿಕ್ಕಿದವರು. ಚೆಲುವಿಗಾಗಿ ಕೂರಿಸಿದ ಭಾರವೇ ಅವರ ಮೃತ್ಯುವಾಯಿತು.

ಊರಿನ ಮರದ ಮನೆಗಳು ಬಹುಮಟ್ಟಿಗೆ ನಿಂತವು. ಕೆಲವು ಅಡಿಪಾಯದಿಂದ ಜಾರಿದವು, ಧೂಮನಾಳಗಳು ಮುರಿದವು, ಅಷ್ಟೆ. ಬಿದ್ದುವು ಯಾವುವು? ಇಟ್ಟಿಗೆಯಿಂದ ಗಂಭೀರವಾಗಿ, ಊರಿಗೆ ಹೆಮ್ಮೆಯಾಗಿ ಎದ್ದು ನಿಂತಿದ್ದ ಕಟ್ಟಡಗಳು. ಅವುಗಳಲ್ಲಿ ಶಾಲೆಗಳೇ ಮುಖ್ಯ. ಲಾಂಗ್ ಬೀಚ್ ಮತ್ತು ಸುತ್ತಣ ಪ್ರದೇಶದಲ್ಲಿ 70 ಶಾಲೆಗಳು ನಾಶವಾದವು. ಇನ್ನೂ 120 ಶಾಲೆಗಳಿಗೆ ಭಾರಿ ಜಖಮಾಯಿತು. ಶಾಲೆ ಬಿಟ್ಟು ಮಕ್ಕಳು ಮನೆ ಸೇರಿ ಕೆಲವೇ ಗಂಟೆಗಳಾಗಿದ್ದವು. ಮರುದಿನ ತಂದೆತಾಯಿಗಳು ಬಂದು ನೋಡಿದಾಗ, ತಮ್ಮ ಮಗು ಹಿಂದಿನ ದಿನ ಕುಳಿತಿದ್ದ ಬೆಂಚಿನ ಮೇಲೆ ಗೋಡೆಯೊಂದು ಮಲಗಿತ್ತು. ಮೂರು ನಾಲ್ಕು ಗಂಟೆ ಮುಂಚೆ ಇದು ಸಂಭವಿಸಿದ್ದರೆ ಏನಾಗುತ್ತಿತ್ತೆಂಬ ಲೆಕ್ಕವನ್ನು ಅವರಿಗೆ ಯಾವ ಇಂಜಿನಿಯರನೂ ಹೇಳಿಕೊಡಬೇಕಾಗಲಿಲ್ಲ.

ಇಟ್ಟಿಗೆಯ ಗೋಡೆ ಏಕೆ ಬಿತ್ತು? ಕಸುಬಿನವರಾದ ನಾವು ಇಲ್ಲಿ ಒಂದಿಷ್ಟು ವಿಸ್ತರಿಸುವುದನ್ನು ಸಭೆ ಮನ್ನಿಸಬೇಕು. ಗೋಡೆಯೆಂಬುದು ಮೇಲಿನ ಭಾರವನ್ನು ಹೊರಲು ಹುಟ್ಟಿದ ವಸ್ತು. ಕೆಳಮುಖವಾದ ಹೊರೆಯನ್ನು ಅದು ನೂರು ವರ್ಷ ಹೊತ್ತೀತು. ಭೂಕಂಪದ ತಳ್ಳು ಹೆಚ್ಚಾಗಿ ಅಡ್ಡಡ್ಡ ಬರುತ್ತದೆ. ಆಗ ಗೋಡೆಯ ಗಾತ್ರ ಗೋಡೆಗೇ ವೈರಿ. ಭಾರ ಹೆಚ್ಚಿದಷ್ಟೂ ತಳ್ಳು ಹೆಚ್ಚು. ಮೂಲೆಯಲ್ಲಿ ಕೂಡುವ ಎರಡು ಗೋಡೆಗಳು ಒಂದನ್ನೊಂದು ಹಿಡಿದುಕೊಳ್ಳದಿದ್ದರೆ ಅವು ಬೇರ್ಪಟ್ಟು ತಮ್ಮ ತಮ್ಮ ದಿಕ್ಕಿಗೆ ಓಲಾಡುತ್ತವೆ. ಮಾಳಿಗೆ ಗೋಡೆಗೆ ಬಿಗಿಯಾಗಿ ಕಟ್ಟಿಕೊಂಡಿರದಿದ್ದರೆ, ಗೋಡೆ ಹೊರಗೆ ಒರಗಿದೊಡನೆ ಅದು ಕೆಳಗೆ ಕೂರುತ್ತದೆ. ಸೊಲ್ಲಾಪುರದ ನೆರೆಯವರಾದ ನಮಗೆ ಮಗ್ಗದ ಭಾಷೆಯಲ್ಲಿ ಹೇಳಿದರೆ ಸುಲಭ: ಕಲ್ಲಿನ ಮೇಲೆ ಕಲ್ಲಿಟ್ಟು ಕಟ್ಟಿದ ಗೋಡೆ ಬರಿಯ ಹಾಸು, ಹೊಕ್ಕು ಇಲ್ಲದ ಹಾಸನ್ನು ಬಟ್ಟೆಯೆಂದು ಯಾರೂ ಉಡುವುದಿಲ್ಲ. ಲಾಂಗ್ ಬೀಚಿನ ಶಾಲೆಗಳಲ್ಲಿ ಗಾರೆ ದುರ್ಬಲವಾಗಿತ್ತು, ಕಬ್ಬಿಣದ ಸರಳುಗಳ ಬಂಧವಿರಲಿಲ್ಲ, ಕೆಲಸದ ಮೇಲೆ ಕಣ್ಣಿಟ್ಟವರೂ ಇರಲಿಲ್ಲ. ಹೊರಗಿನಿಂದ ನೋಡಿದವರಿಗೆ ಇದೊಂದೂ ಕಾಣುವಂತಿರಲಿಲ್ಲ.

ಮುಂದೆ ನಡೆದುದು ಭೂಕಂಪಕ್ಕಿಂತ ಹೆಚ್ಚು ಗಮನಾರ್ಹವಾದುದು. ಸರಿಯಾಗಿ ಒಂದು ತಿಂಗಳಿಗೆ, ಏಪ್ರಿಲ್ 10ರಂದು, ಶಾಲಾಕಟ್ಟಡಗಳಿಗೆಂದೇ ಒಂದು ಕಾಯಿದೆ ಜಾರಿಗೆ ಬಂದಿತು. ಅದನ್ನು ಮಂಡಿಸಿದ ಶಾಸಕ ಚಾರ್ಲ್ಸ್ ಫೀಲ್ಡರ ಹೆಸರಿನಿಂದ ಅದು ಫೀಲ್ಡ್ ಕಾಯಿದೆಯೆಂದು ಪ್ರಸಿದ್ಧವಾಗಿದೆ. ಅದರ ಸಾರವೆಲ್ಲ ನಂಬಿಕೆಯ ಜಾಗದಲ್ಲಿ ತನಿಖೆಯನ್ನು ಇಟ್ಟುದರಲ್ಲಿದೆ. ನಕ್ಷೆಯನ್ನು ಅರ್ಹರಾದವರೇ ತಯಾರಿಸಬೇಕು. ಪ್ರಾಂತದ ಶಿಲ್ಪಾಧಿಕಾರಿಯ ಕಚೇರಿ ಅದನ್ನು ಪರೀಕ್ಷಿಸಿ ಒಪ್ಪಬೇಕು. ಕಟ್ಟುವಾಗ ಗುತ್ತಿಗೆದಾರನ ಹಂಗಿಲ್ಲದ ಪರೀಕ್ಷಕನೊಬ್ಬ ಕೆಲಸದ ಸ್ಥಳದಲ್ಲಿ ಇರಬೇಕು. ಒಪ್ಪಿದ ನಕ್ಷೆಯಂತೆಯೇ ಕೆಲಸವಾಗಿದೆಯೆಂದು ಸಂಬಂಧಪಟ್ಟವರೆಲ್ಲ ಪ್ರಮಾಣಪೂರ್ವಕವಾಗಿ ಸಹಿ ಹಾಕಬೇಕು, ಸುಳ್ಳಾದರೆ ಶಿಕ್ಷೆ. ಈ ಕೊನೆಯ ಮಾತೇ ಕಾಯಿದೆಯ ಜೀವವೆಂದು ನಮ್ಮ ಅಭಿಪ್ರಾಯ. ಒಳ್ಳೆಯ ನಿಯಮಗಳು ನಮ್ಮ ದೇಶದಲ್ಲಿಯೂ ಇವೆ. ಇಂಥ ಗೋಡೆಯನ್ನು ಹೀಗೆ ಕಟ್ಟಬೇಕೆಂದು ಭಾರತೀಯ ಮಾನಕ ಸಂಸ್ಥೆಯ ಸಂಹಿತೆಗಳು ಚಿತ್ರಸಹಿತ ಹೇಳುತ್ತವೆ. ಸಹಿ ಹಾಕುವ ಕೈ ಸ್ವಲ್ಪ ನಡುಗಬೇಕು, ಅಷ್ಟೆ.

ಆ ಕಾಯಿದೆಯ ಫಲ ಪ್ರತ್ಯಕ್ಷವಾಯಿತು. 1952ರಲ್ಲಿ ಅದೇ ಪ್ರಾಂತದ ಕರ್ನ್ ಕೌಂಟಿಯಲ್ಲಿ ಇನ್ನೂ ದೊಡ್ಡ ಭೂಕಂಪವಾದಾಗ ಹಳೆಯ ಶಾಲೆಗಳಿಗೆ ಬಹಳ ಹಾನಿಯಾಯಿತು. ಕಾಯಿದೆಯಂತೆ ಕಟ್ಟಿದವು ಅತ್ಯಲ್ಪ ಪೆಟ್ಟಿನಿಂದ ಉಳಿದವು. ಆದರೆ ಈ ಯಶಸ್ಸಿನ ಪಕ್ಕದಲ್ಲೇ ಒಂದು ಕಹಿ ಸತ್ಯವಿದೆ. ಕಾಯಿದೆ ಹಿಡಿದದ್ದು ಹೊಸ ಕಟ್ಟಡಗಳನ್ನು. 1933ಕ್ಕಿಂತ ಮುಂಚೆ ಕಟ್ಟಿ, ಹೇಗೋ ಬೀಳದೆ ನಿಂತಿದ್ದ ಶಾಲೆಗಳಲ್ಲಿ ಮಕ್ಕಳು ಹಾಗೆಯೇ ಕುಳಿತು ಓದಿದರು. ಅವನ್ನು ಪರೀಕ್ಷಿಸಿ ಬಲಪಡಿಸುವ ಇಲ್ಲವೇ ಮುಚ್ಚುವ ಕೆಲಸ ಮುಗಿಯಲು 1970ರ ದಶಕವೇ ಬರಬೇಕಾಯಿತು. ಐಶ್ವರ್ಯವಂತ ಪ್ರಾಂತಕ್ಕೆ ಹಳೆಯ ಕಟ್ಟಡಗಳ ಮಟ್ಟಿಗೆ ನಲವತ್ತು ವರ್ಷ ಹಿಡಿಯಿತು.

ಈಗ ಕಿಲ್ಲಾರಿಗೆ ಬರೋಣ. ಅದು ನಮ್ಮಿಂದ ನೂರು ಕಿಲೋಮೀಟರಿಗಿಂತಲೂ ಹತ್ತಿರ. ಕಂಪನದ ಪ್ರಮಾಣ ಹೆಚ್ಚುಕಡಿಮೆ ಲಾಂಗ್ ಬೀಚಿನದೇ, 6.2. ಅಲ್ಲಿ ಸತ್ತವರು ಸುಮಾರು 120. ಇಲ್ಲಿ ಹತ್ತು ಸಾವಿರದ ಸಮೀಪ. ಈ ಅಂತರಕ್ಕೆ ಕಾರಣ ಭೂಗರ್ಭದಲ್ಲಿ ಮಾತ್ರವಿಲ್ಲ. ಬೆಳಗಿನ 3 ಗಂಟೆ 56 ನಿಮಿಷ. ಗಣೇಶ ವಿಸರ್ಜನೆ ಮುಗಿಸಿ ದಣಿದು ಬಂದ ಜನ ಗಾಢನಿದ್ರೆಯಲ್ಲಿದ್ದರು. ಮಲಗಿದ್ದುದು ಎಂಥ ಮನೆಯಲ್ಲಿ? ಎರಡು ಮೂರು ಅಡಿ ದಪ್ಪದ, ಗುಂಡುಕಲ್ಲುಗಳನ್ನು ಮಣ್ಣಿನಲ್ಲಿ ಕೂರಿಸಿ ಕಟ್ಟಿದ ಗೋಡೆ. ಹೊರಮೈ ಒಳಮೈಗಳನ್ನು ಬೆಸೆಯುವ ಅಡ್ಡಗಲ್ಲುಗಳಿಲ್ಲ. ಮೇಲೆ ತೊಲೆ, ಜಂತಿ, ಹಲಗೆ, ಅದರ ಮೇಲೆ ಬೇಸಗೆಯ ಬಿಸಿಲಿಗೂ ಮಳೆಯ ಸೋರಿಕೆಗೂ ಅಂಜಿ ವರ್ಷವರ್ಷವೂ ಏರಿಸಿದ ಮೇಲುಮುದ್ದೆಯ ಮಣ್ಣು. ನಮ್ಮ ಹಿರಿಯರು ಈ ಮನೆಗಳನ್ನು ಅಜ್ಞಾನದಿಂದ ಕಟ್ಟಿದರೆನ್ನುವುದು ಅನ್ಯಾಯವಾದೀತು; ಬಿಸಿಲಿನ ವಿಷಯದಲ್ಲಿ ಅವರ ಜಾಣ್ಮೆಗೆ ಇಂದಿನ ಕಾಂಕ್ರೀಟು ಸಾಟಿಯಲ್ಲ. ಭೂಮಿ ನಡುಗೀತೆಂದು ಅವರಿಗೆ ಯಾರೂ ಹೇಳಿರಲಿಲ್ಲ. ಸರಕಾರದ ನಕ್ಷೆಯಲ್ಲಿಯೂ ಆ ಪ್ರದೇಶ ಅತ್ಯಂತ ಕಡಿಮೆ ಅಪಾಯದ ಒಂದನೆಯ ವಲಯದಲ್ಲಿತ್ತು. 2002ರ ಪರಿಷ್ಕರಣದಲ್ಲಿ ಆ ಒಂದನೆಯ ವಲಯವನ್ನೇ ತೆಗೆದುಹಾಕಲಾಯಿತು.

ನಗರಗಳು ಇದರಿಂದ ಪಾರಾದವೆಂದೂ ತಿಳಿಯಬಾರದು. 2001ರ ಜನವರಿ 26ರ ಗುಜರಾತಿನ ಭೂಕಂಪದಲ್ಲಿ, ಕೇಂದ್ರದಿಂದ ಇನ್ನೂರು ಕಿಲೋಮೀಟರಿಗಿಂತ ದೂರವಿದ್ದ ಅಹಮದಾಬಾದಿನಲ್ಲಿ, ವಾಹನ ನಿಲ್ಲಿಸಲೆಂದು ಕೆಳಗೆ ಬರಿಯ ಕಂಬಗಳನ್ನು ಬಿಟ್ಟು ಮೇಲೆ ಮಹಡಿಗಳನ್ನೇರಿಸಿದ ಹೊಸ ಕಾಂಕ್ರೀಟು ಕಟ್ಟಡಗಳೇ ಕುಸಿದವು. ಕಚ್ಛದ ಅಂಜಾರ್ ಪಟ್ಟಣದ ಇಕ್ಕಟ್ಟಾದ ಬೀದಿಯಲ್ಲಿ ಗಣರಾಜ್ಯೋತ್ಸವದ ಮೆರವಣಿಗೆಯಲ್ಲಿ ಹೊರಟಿದ್ದ ಶಾಲಾಮಕ್ಕಳ ಮೇಲೆ ಇಕ್ಕೆಲದ ಕಟ್ಟಡಗಳು ಬಿದ್ದು ನೂರಕ್ಕೂ ಹೆಚ್ಚು ಮಕ್ಕಳು ತೀರಿಕೊಂಡರು. ಅದರ ವಿಷಯ ಹೆಚ್ಚು ಹೇಳಲು ನಮಗೆ ನಾಲಗೆ ಏಳದು.

ಇನ್ನು ನಮ್ಮ ಅಂಗಳದ ಮಾತು. ಶತಮಾನೋತ್ಸವದ ನಿಧಿಯಿಂದ ಹೊಸ ಸಭಾಭವನವೂ, ಮುಂಬಾಗಿಲಿಗೆ ಕಲ್ಲಿನ ಮಹಾದ್ವಾರವೂ ಆಗಬೇಕೆಂಬ ಯೋಜನೆ ನಿಮಗೆಲ್ಲ ತಿಳಿದದ್ದೇ. ಸಭಾಭವನವನ್ನು ನಾವು ಮನಸಾರೆ ಒಪ್ಪುತ್ತೇವೆ. ಅದರ ಕಂಬಗಳ ಮೇಲೆ ಮುಂದೊಮ್ಮೆ ಮಹಡಿಯೇರಿಸುವ ವಿಚಾರವಿದ್ದರೆ ಅದನ್ನು ಈಗಲೇ ಲೆಕ್ಕಕ್ಕೆ ಹಿಡಿಯಬೇಕು. ಮಹಾದ್ವಾರದ ವಿಷಯದಲ್ಲಿ ನಮಗೆ ಅಷ್ಟು ಉತ್ಸಾಹವಿಲ್ಲ. ಮಕ್ಕಳೆಲ್ಲ ಓಡಿ ಹೊರಬರುವ ದಾರಿಯ ಮೇಲೆಯೇ ಕಲ್ಲಿನ ಭಾರವನ್ನು ತೂಗಹಾಕುವುದು ಏಕೆ ಬೇಡವೆಂಬುದನ್ನು ಲಾಂಗ್ ಬೀಚ್ ಹೇಳಿದೆ.

ನಮ್ಮ ಮುಖ್ಯ ಬಿನ್ನಹ ಹಳೆಯ ಕಟ್ಟಡದ್ದು. ನಾವೆಲ್ಲ ಅಕ್ಷರ ತಿದ್ದಿದ್ದು ಅಲ್ಲಿ. ಆ ಗೋಡೆಗಳ ಮೇಲಿನ ಮಮತೆ ನಮಗೂ ಇದೆ. ಅದು ಕಲ್ಲು ಮಣ್ಣಿನದು. ಮಾಳಿಗೆಯ ಮಣ್ಣು ಎಷ್ಟು ದಪ್ಪವಿದೆಯೆಂದು ಯಾರೂ ಅಳೆದಿಲ್ಲ. ಶಾಲೆಯ ಅತ್ಯಂತ ಚಿಕ್ಕ ಮಕ್ಕಳು, ಒಂದರಿಂದ ನಾಲ್ಕನೆಯ ತರಗತಿಯವರು, ಅತ್ಯಂತ ಹಳೆಯ ಕೋಣೆಗಳಲ್ಲಿಯೇ ಕುಳಿತಿದ್ದಾರೆ. ಅದನ್ನು ಕೆಡವಬೇಕೆಂದು ನಾವು ಹೇಳುತ್ತಿಲ್ಲ. ಇಂಥ ಕಟ್ಟಡವನ್ನು ಉಳಿಸಿಯೇ ಬಲಪಡಿಸುವ ಉಪಾಯಗಳು ಕಿಲ್ಲಾರಿಯ ತರುವಾಯ ನಮ್ಮ ಸೀಮೆಯಲ್ಲಿಯೇ ಬಳಕೆಗೆ ಬಂದಿವೆ: ಮಾಳಿಗೆಯ ಹೆಚ್ಚಿನ ಮಣ್ಣನ್ನು ಇಳಿಸಿ ನೀರು ಸೋರದಂತೆ ಮಾಡುವುದು, ಅಲ್ಲಲ್ಲಿ ಗೋಡೆಯನ್ನು ಕೊರೆದು ಎರಡು ಮೈಗಳನ್ನು ಬೆಸೆಯುವ ಕಾಂಕ್ರೀಟಿನ ಅಡ್ಡಗಟ್ಟುಗಳನ್ನು ತುಂಬುವುದು, ಬಾಗಿಲು ಕಿಟಕಿಗಳ ನೆತ್ತಿಯ ಮಟ್ಟದಲ್ಲಿ ಸುತ್ತಲೂ ಒಂದು ಪಟ್ಟಿಯನ್ನು ಬಿಗಿಯುವುದು. ಮಹಾದ್ವಾರಕ್ಕೆಂದು ತೆಗೆದಿರಿಸಿದ ಹಣದಲ್ಲಿ ಇದರ ಬಹುಭಾಗ ಸಾಗೀತೆಂದು ನಮ್ಮ ಅಂದಾಜು. ಈ ಕೆಲಸ ಮುಗಿದ ಮೇಲೆ ಫೋಟೋ ತೆಗೆಸಿಕೊಳ್ಳಲು ಏನೂ ಕಾಣುವುದಿಲ್ಲವೆಂಬುದು ನಿಜ.

ನಡುಕ ಬಂದಾಗ ಮಕ್ಕಳಿಗೆ ಏನು ಕಲಿಸಬೇಕೆಂದು ಶಿಕ್ಷಕರು ನಮ್ಮನ್ನು ಕೇಳಿದ್ದಾರೆ. ಕಾಂಕ್ರೀಟು ಚೌಕಟ್ಟಿನ ಹೊಸ ಕೋಣೆಗಳಲ್ಲಿ ಗಟ್ಟಿ ಮೇಜಿನ ಕೆಳಗೆ ಕುಳಿತು, ನಡುಕ ನಿಂತ ಮೇಲೆ ಸಾಲಾಗಿ ಬಯಲಿಗೆ ಬರುವುದು ಸರಿ. ಹಳೆಯ ಕೋಣೆಗಳಿಗೆ ಅದೇ ಮಾತನ್ನು ಹೇಳಲು ನಮಗೆ ಧೈರ್ಯವಿಲ್ಲ. ಆ ಗೋಡೆಗಳನ್ನು ಪರೀಕ್ಷಿಸಿದ ಮೇಲೆಯೇ ಅಲ್ಲಿಯ ಪಾಠ. ಅಲ್ಲಿಯವರೆಗೆ ಎರಡು ಕೆಲಸಗಳನ್ನು ನಾಳೆಯೇ ಮಾಡಬಹುದು: ಹಿಂಬದಿಯ ಬಾಗಿಲಿಗೆ ಶಾಲೆಯ ವೇಳೆಯಲ್ಲಿ ಹಾಕುವ ಬೀಗವನ್ನು ತೆಗೆಯುವುದು, ಮಕ್ಕಳ ತಲೆಯ ಮೇಲಿನ ಅಟ್ಟದಲ್ಲಿ ಪೇರಿಸಿಟ್ಟ ಮುರುಕು ಬೆಂಚುಗಳನ್ನು ಕೆಳಗಿಳಿಸುವುದು.

ಬೇಸಗೆ ರಜೆಯ ಮೊದಲ ವಾರ ನಾವು ನಮ್ಮ ಸಲಕರಣೆಗಳೊಡನೆ ಇಲ್ಲಿಗೆ ಬರುತ್ತೇವೆ. ಪ್ರತಿ ಗೋಡೆಯನ್ನೂ ಅಳೆದು, ಸಂಭಾವನೆಯಿಲ್ಲದೆ, ಸಹಿ ಹಾಕಿದ ವರದಿಯನ್ನು ಸಮಿತಿಗೆ ಒಪ್ಪಿಸುತ್ತೇವೆ. ಅದರ ಒಂದು ಪ್ರತಿಯನ್ನು ಪಾಲಕರು ಓದುವಂತೆ ಸೂಚನಾಫಲಕಕ್ಕೆ ಹಚ್ಚಬೇಕೆಂಬುದೊಂದೇ ನಮ್ಮ ಷರತ್ತು. ಮಾಳಿಗೆ ಹತ್ತಲು ಒಂದು ಗಟ್ಟಿ ಏಣಿಯೂ, ಹಳೆಯ ಕೋಣೆಗಳ ಬೀಗದ ಕೈಗಳೂ ಅಂದು ಬೆಳಿಗ್ಗೆ ಸಿದ್ಧವಿರಲಿ.