ಕಾಲದ ನಕ್ಷೆ ಬರೆದವರು: ಬಿ. ಎಲ್. ರೈಸ್ ಮತ್ತು ಹೆಬ್ಬಾಳದ ಕಲ್ಲು



ನಿಮ್ಮಲ್ಲಿ ಹಲವರು ಈಗಷ್ಟೇ ಹೆಬ್ಬಾಳ ದಾಟಿ ಬಂದಿದ್ದೀರಿ. ಅಲ್ಲಿಯ ಊರೊಳಗೆ 2018ರಲ್ಲಿ ಚರಂಡಿಗೆಂದು ನೆಲ ಅಗೆಯುತ್ತಿದ್ದಾಗ ಒಂದು ವೀರಗಲ್ಲು ಸಿಕ್ಕಿತು. ಕಾದಾಡಿ ಮಡಿದ ಕಿತ್ತಯ್ಯ ಎಂಬವನ ಕಲ್ಲು ಅದು. ಬರೆಹದಲ್ಲಿ ಗಂಗ ದೊರೆ ಶ್ರೀಪುರುಷನ ಹೆಸರಿದೆ, ಪೆರ್ಬೊಳಲು ನಾಡಿನ ಹೆಸರಿದೆ. ಇಸವಿ ಇಲ್ಲ. ದೊರೆಯ ಹೆಸರನ್ನೂ ಅಕ್ಷರದ ಬಗೆಯನ್ನೂ ನೋಡಿ ವಿದ್ವಾಂಸರು ಅದನ್ನು ಸುಮಾರು ಕ್ರಿ.ಶ. 750ರದ್ದೆಂದು ಹೇಳಿದ್ದಾರೆ. ಕೆಂಪೇಗೌಡರು ಬೆಂಗಳೂರು ಕಟ್ಟಿದ್ದು 1537ರಲ್ಲಿ. ಅದಕ್ಕೂ ಸುಮಾರು ಎಂಟು ನೂರು ವರ್ಷ ಮೊದಲೇ ಇಲ್ಲಿ ಕನ್ನಡ ಬರೆಯುವವರಿದ್ದರು, ಊರಿಗಾಗಿ ಸಾಯುವವರಿದ್ದರು.

ಪೆರ್ ಎಂದರೆ ದೊಡ್ಡ, ಪೊಳಲ್ ಎಂದರೆ ಪಟ್ಟಣ. ಪಾಲು ಹಾಲಾದ, ಪೂ ಹೂವಾದ ದಾರಿಯಲ್ಲೇ ಪೆರ್ಬೊಳಲು ಹೆಬ್ಬಾಳವಾಯಿತು ಎನ್ನುತ್ತಾರೆ. ನನಗೂ ಅದು ಒಪ್ಪಿತ. ಬಸ್ಸಿನ ಫಲಕದಲ್ಲಿ ದಿನವೂ ಓದುವ ಹೆಸರಿನೊಳಗೆ ಸಾವಿರದ ಇನ್ನೂರು ವರ್ಷ ದಾಟಿದ ಉಸಿರಿದೆ.

ಇಂಥ ಕಲ್ಲುಗಳನ್ನು ಊರೂರು ತಿರುಗಿ ಹುಡುಕಿ, ಓದಿಸಿ, ಕಾಲಕ್ಕೆ ಹೊಂದಿಸಿ ಅಚ್ಚು ಹಾಕಿಸಿದ ಬೆಂಜಮಿನ್ ಲೂಯಿಸ್ ರೈಸ್ ಅವರನ್ನು ನಾನು ಕಾಲದ ನಕ್ಷೆಗಾರ ಎಂದು ಕರೆಯುತ್ತೇನೆ. ನೆಲದ ನಕ್ಷೆಗಾರರು ನಮಗೆ ಹೊಸಬರಲ್ಲ. ವಿಲಿಯಂ ಲ್ಯಾಂಬ್ಟನ್ 1800ರಲ್ಲೇ ಬೆಂಗಳೂರಿನ ಬಳಿ ಸರಪಳಿ ಹಿಡಿದು ಅಳತೆ ಮಾಡಿದ್ದರು. ಸರಪಳಿಗೆ ಸಿಕ್ಕದ್ದನ್ನು ಅಳೆದವರು ರೈಸ್.

ಅವರು ಹುಟ್ಟಿದ್ದು 1837ರಲ್ಲಿ, ಬೆಂಗಳೂರಿನಲ್ಲೇ, ಒಬ್ಬ ಪಾದ್ರಿಯ ಮಗನಾಗಿ. ಇಂಗ್ಲೆಂಡಿನಲ್ಲಿ ಓದಿ ಬಂದು, ಮುಂದೆ ಸೆಂಟ್ರಲ್ ಕಾಲೇಜಾದ ಶಾಲೆಯ ಮುಖ್ಯಸ್ಥರಾದರು. ಆಮೇಲೆ ವಿದ್ಯಾ ಇಲಾಖೆಯ ಕೆಲಸ. ಶಾಲೆ ತನಿಖೆಗೆಂದು ಕುದುರೆಯ ಮೇಲೆ ಹಳ್ಳಿಗಳಿಗೆ ಹೋದಾಗಲೆಲ್ಲ ಕಲ್ಲಿನ ಬರೆಹ ಕಣ್ಣಿಗೆ ಬೀಳುತ್ತಿತ್ತು. ಏನು ಬರೆದಿದೆ ಎಂದು ಕೇಳಿದರೆ ಹೇಳುವವರಿಲ್ಲ. ಪಂಡಿತರ ಜೊತೆ ಕುಳಿತು ಹಳಗನ್ನಡ ಕಲಿತರು. 1879ರಲ್ಲಿ ಮೈಸೂರು ಶಾಸನಗಳ ಅನುವಾದ ಬಂತು. 1886ರಿಂದ 1905ರವರೆಗೆ ಎಪಿಗ್ರಾಫಿಯಾ ಕರ್ನಾಟಿಕಾದ ಹನ್ನೆರಡು ಸಂಪುಟಗಳು ಬಂದವು, ಅವುಗಳಲ್ಲಿ ಸುಮಾರು 9,000 ಶಾಸನಗಳು. ಬೆಂಗಳೂರು ಜಿಲ್ಲೆಯದು ಒಂಬತ್ತನೆಯ ಸಂಪುಟ, 1905ರದ್ದು.

ಆ ಕೆಲಸ ನಡೆಯುತ್ತಿದ್ದ ಬಗೆಯನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಪಾಚಿ, ಎಣ್ಣೆ, ಕುಂಕುಮ ಮೆತ್ತಿದ ಕಲ್ಲನ್ನು ಮೊದಲು ನೀರು ಹಾಕಿ ಉಜ್ಜಬೇಕು. ಒದ್ದೆ ಕಾಗದ ಹೊದಿಸಿ, ಗಡುಸು ಕುಂಚದಿಂದ ಬಡಿಯಬೇಕು. ಕಾಗದ ಅಕ್ಷರದ ಗುಳಿಗೆ ಇಳಿಯಬೇಕು. ಮೇಲೆ ಮಸಿಯ ಉಂಡೆ ಒತ್ತಿದರೆ ಕಪ್ಪಿನ ನಡುವೆ ಬೆಳ್ಳಗೆ ಅಕ್ಷರ ಏಳುತ್ತದೆ. ಇದೇ ಪಡಿಯಚ್ಚು. ಆಮೇಲೆ ಲೆಕ್ಕ. ಶಕವರ್ಷಕ್ಕೆ 78 ಕೂಡಿಸಿದರೆ ಇಸವಿ ಸಿಗುತ್ತದೆ. ಸಂವತ್ಸರ, ಮಾಸ, ತಿಥಿ, ವಾರ ತಾಳೆಯಾಗುತ್ತವೆಯೇ ನೋಡಬೇಕು. ಇಷ್ಟಾದ ಮೇಲೆ ಆ ಕಲ್ಲಿಗೆ ತಾಲ್ಲೂಕಿನ ಹೆಸರಿನೊಡನೆ ಒಂದು ಸಂಖ್ಯೆ. ಯಾವ ಹೋಬಳಿ, ಯಾವ ಊರು, ಗುಡಿಯ ಮುಂದೋ, ಕೆರೆ ಏರಿಯಲ್ಲೋ, ಯಾರ ಹೊಲದಲ್ಲೋ, ಎಲ್ಲ ದಾಖಲು. ಕಾಲ ಗೊತ್ತಿದ್ದು ಜಾಗ ಗೊತ್ತಿಲ್ಲದ ಕಲ್ಲು ಅರ್ಧ ಮಾತ್ರ ಮಾತಾಡುತ್ತದೆ ಎಂಬುದು ರೈಸ್ ಅವರಿಗೆ ತಿಳಿದಿತ್ತು.

ಮೊಳಕಾಲ್ಮೂರು ತಾಲ್ಲೂಕಿನಲ್ಲಿ 1892ರಲ್ಲಿ ಅಶೋಕನ ಶಾಸನಗಳನ್ನು ಗುರುತಿಸಿ, ಕರ್ನಾಟಕದ ಚರಿತ್ರೆಯನ್ನು ಕ್ರಿಸ್ತಪೂರ್ವ ಮೂರನೆಯ ಶತಮಾನಕ್ಕೆ ಒಯ್ದವರೂ ಅವರೇ. ಪಂಪನ ಕಾವ್ಯವನ್ನು ಅಚ್ಚಿಗೆ ತಂದರು. 1927ರಲ್ಲಿ ಇಂಗ್ಲೆಂಡಿನಲ್ಲಿ ತೀರಿಕೊಂಡರು. ಶಾಸನ ಪಿತಾಮಹ ಎಂದು ಅವರನ್ನು ಕರೆಯುವುದು ಸರಿಯೇ. ಆದರೆ ಬಿಸಿಲಲ್ಲಿ ಕೂತು ಪಡಿಯಚ್ಚು ತೆಗೆದ, ಹಳಗನ್ನಡದ ತೊಡಕು ಬಿಡಿಸಿಕೊಟ್ಟ ನಮ್ಮ ಪಂಡಿತರ ಹೆಸರು ಜನರ ಬಾಯಲ್ಲಿ ನಿಲ್ಲಲಿಲ್ಲ. ಇದು ನನಗೆ ನೋವಿನ ಸಂಗತಿ.

ಕಿತ್ತಯ್ಯನ ಕಲ್ಲು ರೈಸ್ ಅವರ ಸಂಪುಟದಲ್ಲಿಲ್ಲ, ಮಣ್ಣೊಳಗಿತ್ತು. ಹಾಗಾಗಿ ನಕ್ಷೆ ಮುಗಿದಿಲ್ಲ. ಆ ಕಲ್ಲಿಗೆ ಇವತ್ತು ಹೆಬ್ಬಾಳದವರೂ ಆಸಕ್ತರೂ ಸೇರಿ ಮಂಟಪ ಕಟ್ಟಿಸಿದ್ದಾರೆ. ಉದಯ ಕುಮಾರ್ ಪಿ. ಎಲ್. ಅವರಂಥವರು ರೈಸ್ ಸಂಪುಟವನ್ನೇ ಕೈಯಲ್ಲಿ ಹಿಡಿದು ಬೆಂಗಳೂರಿನ ಬಡಾವಣೆಗಳಲ್ಲಿ ಶಾಸನ ಹುಡುಕಿದರು. ಬೆಂಗಳೂರಿನ ಸಂಶೋಧನ ಸಂಸ್ಥೆಯಾದ ಮಿಥಿಕ್ ಸೊಸೈಟಿಯ ಯೋಜನೆಯಲ್ಲಿ ಈಗ ಕಲ್ಲುಗಳ ಮೂರು ಆಯಾಮದ ಸ್ಕ್ಯಾನ್ ನಡೆಯುತ್ತಿದೆ. ಕಣ್ಣಿಗೆ ಸವೆದು ಹೋದಂತೆ ಕಾಣುವ ಅಕ್ಷರವೂ ಅದರಲ್ಲಿ ಓದಲು ಸಿಗುತ್ತದೆ.

ಎಲ್ಲ ಕಲ್ಲಿಗೂ ಈ ಭಾಗ್ಯವಿಲ್ಲ. ನಾನು ಹುಡುಗನಾಗಿದ್ದಾಗ ನಮ್ಮೂರ ಕೆರೆ ಏರಿಯ ಕೆಳಗೆ ಒಂದು ಚಪ್ಪಡಿ ಇತ್ತು. ಅಮ್ಮ ಅದರ ಮೇಲೆ ಬಟ್ಟೆ ಒಗೆಯುತ್ತಿದ್ದಳು. ಒಂದು ಅಂಚಿನಲ್ಲಿ ಬೆರಳಾಡಿಸಿದರೆ ದುಂಡನೆಯ ಗೀರುಗಳು ಸಿಗುತ್ತಿದ್ದವು; ಅಕ್ಷರವೆಂದು ನನಗೆ ಗೊತ್ತಾದದ್ದು ಬಹಳ ತಡವಾಗಿ. ಅಷ್ಟರಲ್ಲಿ ರಸ್ತೆ ಅಗಲವಾಗಿತ್ತು, ಕಲ್ಲು ಹೋಗಿತ್ತು. ಅದರಲ್ಲಿ ಯಾರ ಹೆಸರಿತ್ತೋ ಎಂಬ ಯೋಚನೆ ಇವತ್ತಿಗೂ ನನ್ನನ್ನು ಬಿಟ್ಟಿಲ್ಲ.

ಆದ್ದರಿಂದ ನಿಮ್ಮಲ್ಲಿ ನನ್ನ ಕೋರಿಕೆ ಇಷ್ಟೆ. ಪಾಯ ತೋಡುವಾಗ, ಗುಡಿ ಜೀರ್ಣೋದ್ಧಾರ ಮಾಡುವಾಗ, ಕೆರೆ ಹೂಳೆತ್ತುವಾಗ ಅಕ್ಷರವಿರುವ ಕಲ್ಲು ಕಂಡರೆ ಕೆಲಸ ನಿಲ್ಲಿಸಿ. ಪೇಂಟು ಬಳಿಯಬೇಡಿ, ಸಿಮೆಂಟು ಮೆತ್ತಬೇಡಿ, ಜಾಗದಿಂದ ಕದಲಿಸಬೇಡಿ. ಮೊಬೈಲಿನಲ್ಲಿ ಒಂದು ಫೋಟೊ ತೆಗೆದು, ಜಾಗ ಬರೆದುಕೊಂಡು, ಪುರಾತತ್ವ ಇಲಾಖೆಗೋ ಮಿಥಿಕ್ ಸೊಸೈಟಿಗೋ ಅದೇ ದಿನ ತಿಳಿಸಿ.