ಹೆಸರು ಮತ್ತು ಒಡೆತನ



ಹೆಸರಿನಿಂದ ಹೊಟ್ಟೆ ತುಂಬೀತೇ ಎಂದು ಕೇಳುವವರು ನಮ್ಮಲ್ಲಿ ಉಂಟು. ನ್ಯಾಯಸ್ಥಾನದಲ್ಲಿ ಕೆಲಸ ಮಾಡುವ ನಮಗೆ ಈ ಪ್ರಶ್ನೆಯು ವಿಚಿತ್ರವಾಗಿ ತೋರುತ್ತದೆ. ಕ್ರಯಪತ್ರದಲ್ಲಿ ಹೆಸರು ತಪ್ಪಿದರೆ ಹೊಲದ ಒಡೆತನವೇ ವಿವಾದಕ್ಕೆ ಬೀಳುವುದು. ಹೊಲಕ್ಕೆ ಸಲ್ಲುವ ಮಾತು ನಾಡಿಗೆ ಸಲ್ಲದೇ?

ಆಲೂರು ವೆಂಕಟರಾಯರು 1917ರಲ್ಲಿ 'ಕರ್ನಾಟಕ ಗತವೈಭವ'ವನ್ನು ಪ್ರಕಟಿಸಿದಾಗ, ಕರ್ನಾಟಕವೆಂಬ ರಾಜ್ಯವು ನಕಾಶೆಯಲ್ಲಿ ಎಲ್ಲಿಯೂ ಇರಲಿಲ್ಲ. ಆದರೂ ಹಂಚಿಹೋಗಿದ್ದ ಕನ್ನಡಿಗರಿಗೆ 'ನಾವು' ಎಂದು ಹೇಳಿಕೊಳ್ಳಲು ಆ ಹೆಸರೊಂದಿದ್ದಿತು. ಹೆಸರು ಮೊದಲು ನೆಲೆಗೊಂಡಿತು. ರಾಜ್ಯವು ಆಮೇಲೆ ಬಂದಿತು.

1956ನೆಯ ಇಸವಿ ನವೆಂಬರ್ 1ರಂದು ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು, ಕೊಡಗು ಎಂಬ ಐದು ಆಡಳಿತಗಳಲ್ಲಿದ್ದ ಕನ್ನಡಿಗರು ಬಹುಮಟ್ಟಿಗೆ ಒಂದಾದರು. ಆದರೆ ಕೂಡಿದ ರಾಜ್ಯಕ್ಕೆ ಮೈಸೂರೆಂಬ ಹೆಸರೇ ನಿಂತಿತು. ನಮ್ಮೂರಿನ ಹೆಸರಾದುದರಿಂದ ನಮ್ಮ ಕಿವಿಗೆ ಅದು ಇಂಪಾಗಿದ್ದಿತು. ಧಾರವಾಡದವನಿಗೆ, ಕಲಬುರಗಿಯವನಿಗೆ, ಮಂಗಳೂರಿನವನಿಗೆ ಹೇಗಿದ್ದೀತು? ಅಣ್ಣತಮ್ಮಂದಿರು ಕೂಡಿ ಬಾಳುವ ಮನೆಯ ಬಾಗಿಲಿಗೆ ಹಿರಿಯಣ್ಣನೊಬ್ಬನ ಹೆಸರನ್ನೇ ಬರೆದಂತಾಗಿದ್ದಿತು.

ಹದಿನೇಳು ವರ್ಷಗಳ ಮೇಲೆ, 1973ರ ನವೆಂಬರ್ 1ರಂದು, ರಾಜ್ಯವು ಕರ್ನಾಟಕವಾಯಿತು. ಆಗ ಮುಖ್ಯಮಂತ್ರಿಗಳಾಗಿದ್ದ ದೇವರಾಜ ಅರಸರು ನಮ್ಮ ಹುಣಸೂರು ಸೀಮೆಯವರೇ. ಇದರಿಂದ ಮೈಸೂರಿಗೆ ಆದ ನಷ್ಟವೇನು? ಮೈಸೂರು ಮಲ್ಲಿಗೆ, ಮೈಸೂರು ವೀಳೆಯದೆಲೆ, ಮೈಸೂರು ರೇಷ್ಮೆ ಇಂದಿಗೂ ಮೈಸೂರಿನವೇ. ಹಿರಿಯಣ್ಣನು ಬಾಗಿಲ ಹೆಸರನ್ನು ಬಿಟ್ಟುಕೊಟ್ಟನು, ಮನೆಯು ಎಲ್ಲರದಾಯಿತು.

2014ರ ನವೆಂಬರ್ 1ರಿಂದ ಹನ್ನೆರಡು ನಗರಗಳ ಹೆಸರುಗಳು ಇಂಗ್ಲಿಷ್ ಬರಹದಲ್ಲಿಯೂ ಕನ್ನಡದ ಉಚ್ಚಾರವನ್ನು ಪಡೆದುವು. ನಮ್ಮ ನಾಲಗೆಯು ಹಿಂದಿನಿಂದಲೂ ಮೈಸೂರೆಂದೇ ನುಡಿಯುತ್ತಿದ್ದಿತು; 'ಮೈಸೋರ್' ಎಂಬ ಇಂಗ್ಲಿಷ್ ಬರಹವೇ ತನ್ನನ್ನು ತಿದ್ದಿಕೊಂಡಿತು.

ಆದರೆ ಸರ್ಕಾರದ ಆಜ್ಞೆಯು ಹಲಗೆಯನ್ನು ಬದಲಿಸಬಲ್ಲುದೇ ಹೊರತು ನೆನಪನ್ನು ಕಲಿಸಲಾರದು. 'ವಿ. ವಿ. ಮೊಹಲ್ಲಾ' ಎನ್ನುವ ನಮ್ಮ ಹುಡುಗರನ್ನು ಆ ಎರಡಕ್ಷರಗಳು ಏನೆಂದು ಕೇಳಿ ನೋಡಿರಿ. ಅದು ವಾಣೀವಿಲಾಸ, 1895ರಿಂದ 1902ರವರೆಗೆ ರಾಜಪ್ರತಿನಿಧಿಯಾಗಿ ಈ ನಾಡನ್ನು ಆಳಿದ ಮಹಾರಾಣಿ ಕೆಂಪನಂಜಮ್ಮಣ್ಣಿಯವರ ಬಿರುದು. ಹೆಸರು ಎರಡಕ್ಷರವಾಗಿ ಕುಗ್ಗಿದೊಡನೆ ಒಬ್ಬ ತಾಯಿಯ ಆಳ್ವಿಕೆಯೇ ಮರೆವಿಗೆ ಸಂದಿತು. ಇದನ್ನು ಯಾವ ಹೊರಗಿನವರೂ ನಮ್ಮಿಂದ ಕಸಿಯಲಿಲ್ಲ.

ಹೆಸರಿನ ಅಭಿಮಾನವೆಂದರೆ ಅನ್ಯರ ಹೆಸರನ್ನು ಕೆರೆದುಹಾಕುವುದೂ ಅಲ್ಲ. ವಾಣೀವಿಲಾಸದ ಪಕ್ಕದಲ್ಲಿ ಕುಳಿತಿರುವ 'ಮೊಹಲ್ಲಾ' ಉರ್ದುವಿನಿಂದ ಬಂದುದು. ಲಷ್ಕರ್ ಮೊಹಲ್ಲಾ ದಂಡನ್ನು ನೆನಪಿಸುತ್ತದೆ; ಮಂಡಿ ಮೊಹಲ್ಲಾ ಸಗಟು ವ್ಯಾಪಾರವನ್ನು. ಇವೆಲ್ಲವೂ ಈ ಊರಿನ ದಸ್ತಾವೇಜುಗಳೇ. ಇವುಗಳಲ್ಲಿ ಒಂದನ್ನು ಹರಿದರೂ ನಮ್ಮ ಹಕ್ಕುಪತ್ರವೇ ಹರಿಯುವುದು.

ಆದುದರಿಂದ ಉಪಾಧ್ಯಾಯ ಮಿತ್ರರಲ್ಲಿ ನಮ್ಮದೊಂದು ವಿಜ್ಞಾಪನೆ. ನಿಮ್ಮ ತರಗತಿಯ ಪ್ರತಿಯೊಂದು ಮಗುವೂ ತನ್ನ ಬೀದಿಯ, ತನ್ನ ಕೆರೆಯ, ತನ್ನ ಮೊಹಲ್ಲಾದ ಪೂರ್ಣ ಹೆಸರನ್ನು ಕನ್ನಡದಲ್ಲಿ ಬರೆಯಲಿ. ಅದು ಹೇಗೆ ಬಂದಿತೆಂದು ಮನೆಯ ಹಿರಿಯರನ್ನು ಕೇಳಿಕೊಂಡು ಬರಲಿ. ನಾಡಿನ ಹೆಸರನ್ನು ಶಾಸನಸಭೆಯು ಉಳಿಸಿಕೊಟ್ಟಿದೆ. ಬೀದಿಯ ಹೆಸರನ್ನು ಉಳಿಸತಕ್ಕವರು ನೀವು.