ಪುಸ್ತಕಕ್ಕೂ ಬಂತು ಗೇಜ್ ಬದಲಾವಣೆ



ಶಿವಮೊಗ್ಗದಿಂದ ಹೊರಟ ರೈಲಿಗೆ ತಾಳಗುಪ್ಪವೇ ಕೊನೆಯ ನಿಲ್ದಾಣ. ದಶಕಗಳ ಕಾಲ ಇಲ್ಲಿಗೆ ಬರುತ್ತಿದ್ದುದು ಮೀಟರ್ ಗೇಜ್ ರೈಲು. ಅದರ ಎರಡು ಹಳಿಗಳ ನಡುವಿನ ಅಂತರ 1000 ಮಿಲಿಮೀಟರ್. ಬ್ರಾಡ್ ಗೇಜಿನದು 1676. ಹಳಿ ಬದಲಾಗಿ 2011ರಲ್ಲಿ ದೊಡ್ಡ ರೈಲು ಬಂದಾಗ ಊರಿಗೆ ಅನುಕೂಲವೇ ಆಯಿತು. ಆದರೆ ಹಳೆಯ ಹಳಿಯ ಮೇಲೆ ಓಡಿದ ಬೋಗಿ ಹೊಸ ಹಳಿಯ ಮೇಲೆ ತಾನಾಗಿ ಏರಲಾರದು. ಒಳಗಿನ ಸಾಮಾನನ್ನು ಯಾರಾದರೂ ಇಳಿಸಿ ಹೊಸ ಬೋಗಿಗೆ ತುಂಬಬೇಕು. ಇಳಿಸದೆ ಬಿಟ್ಟದ್ದು ಅಲ್ಲಿಯೇ ಉಳಿಯುತ್ತದೆ.

ಪುಸ್ತಕಗಳ ಲೋಕದಲ್ಲಿ ಈಗ ನಡೆಯುತ್ತಿರುವುದೂ ಇಂಥದೇ ಒಂದು ಗೇಜ್ ಬದಲಾವಣೆ. ಕಾಗದದ ಪುಸ್ತಕ ಉಳಿಯುತ್ತದೆಯೇ, ಕಂಪ್ಯೂಟರು ಮತ್ತು ಮೊಬೈಲಿನ ತೆರೆ ಅದನ್ನು ನುಂಗುತ್ತದೆಯೇ ಎಂಬ ಚರ್ಚೆ ಬಹಳ ನಡೆದಿದೆ. ಕನ್ನಡದ ಮಟ್ಟಿಗೆ ಅದಕ್ಕಿಂತ ದೊಡ್ಡ ಪ್ರಶ್ನೆ ಬೇರೆಯದು: ಹಳೆಯ ಬೋಗಿಯಿಂದ ಸಾಮಾನು ಇಳಿಸುವವರು ಯಾರು?

ಇದು ಮೊದಲ ಬದಲಾವಣೆಯೇನೂ ಅಲ್ಲ. ಸಾಗರದ ಪಕ್ಕದ ಕೆಳದಿಯ ವಸ್ತುಸಂಗ್ರಹಾಲಯದಲ್ಲಿ ಓಲೆಗರಿಯ ಕಟ್ಟುಗಳಿವೆ. ತಾಳೆಯ ಗರಿಯನ್ನು ಹದಮಾಡಿ, ಒಣಗಿಸಿ, ಕಬ್ಬಿಣದ ಕಂಠದಿಂದ ಅಕ್ಷರ ಕೊರೆದು, ಅದರ ಮೇಲೆ ಕಾಡಿಗೆ ಉಜ್ಜಿದರೆ ಬರಹ ಎದ್ದು ಕಾಣುತ್ತದೆ. ಮಲೆನಾಡಿನ ಮಳೆ, ಬೂಷ್ಟು, ಗೆದ್ದಲು ಇವುಗಳ ನಡುವೆ ಒಂದು ಗರಿಯ ಆಯುಸ್ಸು ಹೆಚ್ಚೆಂದರೆ ಕೆಲವು ಶತಮಾನ. ಆದ್ದರಿಂದ ಹಳೆಯ ಕಟ್ಟು ಸವೆಯುವ ಮೊದಲೇ ಅದನ್ನು ನೋಡಿ ಹೊಸ ಗರಿಯ ಮೇಲೆ ಬರೆದಿಡುತ್ತಿದ್ದರು. ಒಂಬತ್ತನೆಯ ಶತಮಾನದ 'ಕವಿರಾಜಮಾರ್ಗ' ಹೀಗೆ ಪ್ರತಿಯಿಂದ ಪ್ರತಿಗೆ ದಾಟುತ್ತ ಸಾವಿರ ವರ್ಷ ಬದುಕಿ, 1898ರಲ್ಲಿ ಕೆ.ಬಿ. ಪಾಠಕರ ಸಂಪಾದಕತ್ವದಲ್ಲಿ ಅಚ್ಚಾಯಿತು. ಕೆಳದಿಯ ಅರಸರ ಕಥೆ ಹೇಳುವ ಲಿಂಗಣ್ಣ ಕವಿಯ 'ಕೆಳದಿನೃಪವಿಜಯ'ವನ್ನು 1921ರಲ್ಲಿ ಮೈಸೂರಿನಲ್ಲಿ ಅಚ್ಚಿಗೆ ತಂದವರು ಆರ್. ಶಾಮಶಾಸ್ತ್ರಿಗಳು. ಕೌಟಿಲ್ಯನ 'ಅರ್ಥಶಾಸ್ತ್ರ'ವನ್ನು ಓಲೆಗರಿಯ ಕಟ್ಟಿನಲ್ಲಿ ಗುರುತಿಸಿ 1909ರಲ್ಲಿ ಲೋಕಕ್ಕೆ ಕೊಟ್ಟವರೂ ಅವರೇ.

ವಚನಗಳ ಕಥೆಯೂ ಹೀಗೆಯೇ. ವಿಜಯಪುರದ ವಕೀಲ ಫ.ಗು. ಹಳಕಟ್ಟಿಯವರು ಊರೂರು ಅಲೆದು ಓಲೆಗರಿಯ ಕಟ್ಟುಗಳನ್ನು ಕೂಡಿಸಿದರು. 1923ರಲ್ಲಿ 'ವಚನಶಾಸ್ತ್ರಸಾರ'ದ ಮೊದಲ ಭಾಗ ಹೊರಬಂತು. ಮುದ್ರಣದ ಕೆಲಸ ಇನ್ನೊಬ್ಬರ ಕೈಯಲ್ಲಿದ್ದರೆ ಸಾಗದೆಂದು 1925ರಲ್ಲಿ ಹಿತಚಿಂತಕ ಎಂಬ ಸ್ವಂತ ಮುದ್ರಣಾಲಯವನ್ನೇ ತೆರೆದರು. ಇಂದು ವಚನಗಳು ಎಲ್ಲರ ಬಾಯಲ್ಲಿ ಇರುವುದಕ್ಕೆ ಈ ಶ್ರಮ ದೊಡ್ಡ ಕಾರಣ.

ಇಳಿಸದೆ ಉಳಿದ ಸಾಮಾನಿನ ಗತಿ ಏನು? ಉತ್ತರ 'ಕವಿರಾಜಮಾರ್ಗ'ದಲ್ಲೇ ಇದೆ. ವಿಮಳೋದಯ, ನಾಗಾರ್ಜುನ, ಜಯಬಂಧು, ದುರ್ವಿನೀತ ಮುಂತಾದವರನ್ನು ಅದು ಕನ್ನಡದ ಗದ್ಯಲೇಖಕರೆಂದು ಹೆಸರಿಸುತ್ತದೆ. ಅವರ ಕನ್ನಡ ಕೃತಿಗಳಲ್ಲಿ ಒಂದೂ ಸಿಕ್ಕಿಲ್ಲ. ಯಾವ ದಾಳಿಯೂ ಬೇಕಿಲ್ಲ, ಯಾವ ಬೆಂಕಿಯೂ ಬೇಕಿಲ್ಲ. ಸಕಾಲಕ್ಕೆ ಒಬ್ಬರು ಪ್ರತಿ ಮಾಡದಿದ್ದರೆ ಸಾಕು, ಪುಸ್ತಕ ಇಲ್ಲವಾಗುತ್ತದೆ.

ಈಗಿನ ಬದಲಾವಣೆಗೆ ಬರೋಣ. ವಿದ್ಯುನ್ಮಾನ ಪುಸ್ತಕದಲ್ಲಿ ಎರಡು ಬಗೆ. ಪುಟದ ಚಿತ್ರ ತೆಗೆದು ಇಡುವುದು ಒಂದು. ಇದನ್ನು ಓದಬಹುದು, ಆದರೆ ಒಳಗಿನ ಪದವನ್ನು ಕಂಪ್ಯೂಟರಿಗೆ ಹುಡುಕಲಾಗದು. ಅದರ ಪಾಲಿಗೆ ಅದು ಬರಿಯ ಚಿತ್ರ. ಅಕ್ಷರವನ್ನು ಅಕ್ಷರವಾಗಿಯೇ ದಾಖಲಿಸುವುದು ಇನ್ನೊಂದು. ಕಂಪ್ಯೂಟರಿಗೆ ಗೊತ್ತಿರುವುದು ಅಂಕಿಗಳು ಮಾತ್ರ. ಹೀಗಾಗಿ ಪ್ರತಿ ಅಕ್ಷರಕ್ಕೂ ಒಂದು ಸಂಖ್ಯೆ ಗೊತ್ತುಮಾಡಬೇಕು. ಯೂನಿಕೋಡ್ ಎಂಬ ಜಾಗತಿಕ ವ್ಯವಸ್ಥೆಯಲ್ಲಿ 'ಅ' ಅಕ್ಷರಕ್ಕೆ 3205, 'ಕ' ಅಕ್ಷರಕ್ಕೆ 3221. ಈ ವ್ಯವಸ್ಥೆಯ 1991ರ ಮೊದಲ ಆವೃತ್ತಿಯಲ್ಲೇ ಕನ್ನಡಕ್ಕೆ ಸ್ಥಾನ ಸಿಕ್ಕಿತ್ತು.

ಆದರೂ ಕನ್ನಡದ ಅಚ್ಚುಮನೆಗಳು ಬಹಳ ಕಾಲ ಬೇರೆ ಹಳಿಯ ಮೇಲೆಯೇ ಓಡಿದವು. ಡಿಟಿಪಿ ಬಂದಾಗ ಒಂದೊಂದು ತಂತ್ರಾಂಶ ಒಂದೊಂದು ಉಪಾಯ ಮಾಡಿತು: ಇಂಗ್ಲಿಷ್ ಅಕ್ಷರಗಳಿಗೆ ಮೀಸಲಾದ ಸಂಖ್ಯೆಗಳಿಗೆ ಕನ್ನಡದ ಅಕ್ಷರರೂಪಗಳನ್ನು ತೊಡಿಸಿತು. ಆ ಫಾಂಟ್ ಇದ್ದರೆ ಕನ್ನಡ ಕಾಣುತ್ತದೆ. ಅದಿಲ್ಲದ ಯಂತ್ರದಲ್ಲಿ ಅದೇ ಕಡತ ತೆರೆದರೆ ಅರ್ಥವಿಲ್ಲದ ಚಿಹ್ನೆಗಳ ರಾಶಿ. ಎಷ್ಟೋ ಪುಸ್ತಕಗಳು ಕಂಪ್ಯೂಟರಿನಲ್ಲೇ ಹುಟ್ಟಿಯೂ ಹೀಗೆ ಹಳೆಯ ಗೇಜಿನಲ್ಲಿ ನಿಂತಿವೆ. ಇವನ್ನು ಯೂನಿಕೋಡಿಗೆ ಪರಿವರ್ತಿಸುವ ಸಾಧನಗಳಿವೆ. ಪರಿವರ್ತಿಸಿ, ತಪ್ಪು ತಿದ್ದುವ ಕೆಲಸವನ್ನು ಮಾತ್ರ ಮನುಷ್ಯರೇ ಮಾಡಬೇಕು.

ಮಾಡಿದರೆ ಸಿಗುವ ಲಾಭಕ್ಕೆ ಒಂದು ಉದಾಹರಣೆ. ವಿ. ಕೃಷ್ಣ ಅವರು ದಶಕಗಳ ಕಾಲ ಒಬ್ಬರೇ ಕೂತು ಸಿದ್ಧಪಡಿಸಿದ ಕನ್ನಡ-ಇಂಗ್ಲಿಷ್ ನಿಘಂಟು 'ಅಲರ್' ಎಂಬ ಹೆಸರಿನಲ್ಲಿ 2019ರಲ್ಲಿ ಅಂತರಜಾಲಕ್ಕೆ ಬಂತು. ಒಂದೂವರೆ ಲಕ್ಷದಷ್ಟು ಪದಗಳಿರುವ ಈ ಗ್ರಂಥ ಕಾಗದದಲ್ಲೇ ಬಂದಿದ್ದರೆ ಎಷ್ಟು ಮನೆ ಸೇರುತ್ತಿತ್ತು? ಈಗ ಯಾರು ಬೇಕಾದರೂ ಬಿಡಿಗಾಸು ಕೊಡದೆ ಪದ ಹುಡುಕಬಹುದು. ವಚನಗಳನ್ನೂ ಇಂದು ಪದ ಹಿಡಿದು ಹುಡುಕಬಹುದು.

ಹೊಸ ಹಳಿಗೂ ಅದರದೇ ಅಪಾಯಗಳಿವೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ ಮುಂಚೂಣಿಯಲ್ಲಿದ್ದ 'ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ' ಯೋಜನೆಯಲ್ಲಿ ಕನ್ನಡವೂ ಸೇರಿ ಹಲವು ಭಾಷೆಗಳ ಲಕ್ಷಾಂತರ ಪುಸ್ತಕಗಳ ಪುಟಗಳು ಚಿತ್ರಗಳಾದವು. 2017ರ ಹೊತ್ತಿಗೆ ಆ ಜಾಲತಾಣ ಓದುಗರಿಗೆ ಸಿಗದಂತಾಯಿತು. ಅದರ ಬಹುಪಾಲು ಪುಸ್ತಕಗಳು ಇಂದಿಗೂ ಸಿಗುತ್ತಿದ್ದರೆ, ಅವುಗಳ ಪ್ರತಿಗಳನ್ನು ಬೇರೆಯವರು ಮೊದಲೇ 'ಇಂಟರ್ನೆಟ್ ಆರ್ಕೈವ್' ಎಂಬ ಅಂತರಜಾಲ ಗ್ರಂಥಾಲಯದಲ್ಲಿ ಇಟ್ಟಿದ್ದುದೇ ಕಾರಣ. ಓಲೆಗರಿಯ ಕಾಲದ ಪಾಠವೇ ಇಲ್ಲಿಯೂ: ಒಂದೇ ಪ್ರತಿ ಇದ್ದರೆ ಅದು ಇಲ್ಲದಂತೆಯೇ.

ಇನ್ನೊಂದು ಅಪಾಯ ಒಡೆತನದ್ದು. ಕಾಗದದ ಪುಸ್ತಕ ಕೊಂಡರೆ ಅದು ಕೊಂಡವರದು. ಓದಿ ನೆರೆಮನೆಗೆ ಕೊಡಬಹುದು, ಮೊಮ್ಮಕ್ಕಳಿಗೆ ಬಿಟ್ಟುಹೋಗಬಹುದು. ಕಂಪನಿಗಳು ಮಾರುವ ಎಷ್ಟೋ ವಿದ್ಯುನ್ಮಾನ ಪುಸ್ತಕಗಳಲ್ಲಿ ಕೈಗೆ ಬರುವುದು ಓದುವ ಪರವಾನಗಿ ಮಾತ್ರ. 2009ರಲ್ಲಿ ಅಮೆಜಾನ್ ಕಂಪನಿ ಜಾರ್ಜ್ ಆರ್ವೆಲ್ಲರ '1984' ಕಾದಂಬರಿಯ ಒಂದು ಆವೃತ್ತಿಯನ್ನು, ಹಕ್ಕಿನ ತಕರಾರು ಬಂತೆಂದು, ಕೊಂಡವರ ಕಿಂಡಲ್ ಯಂತ್ರಗಳಿಂದಲೇ ಅಳಿಸಿಹಾಕಿತು. ಹಣವನ್ನೇನೋ ಹಿಂದಿರುಗಿಸಿತು. ಅದೇ ಕಂಪನಿ 2016ರ ಡಿಸೆಂಬರಿನಲ್ಲಿ ಭಾರತೀಯ ಭಾಷೆಗಳ ಪುಸ್ತಕ ಮಾರಲು ಹೊರಟಾಗ ಆರಿಸಿಕೊಂಡದ್ದು ಹಿಂದಿ, ತಮಿಳು, ಮರಾಠಿ, ಗುಜರಾತಿ, ಮಲಯಾಳಂ. ಕನ್ನಡದ ಹೆಸರು ಆ ಐದರಲ್ಲಿ ಇರಲಿಲ್ಲ. ದೂರದ ಅಂಗಡಿಯವರು ನಮ್ಮ ಸಾಮಾನು ಇಳಿಸಿಕೊಟ್ಟಾರು ಎಂದು ಕಾದು ಕೂರುವಂತಿಲ್ಲ.

ಹಾಗಾದರೆ ಕೆಲಸ ಯಾರದು? ಒಂದು ಪಾಲು ಸರ್ಕಾರದ್ದು. ಕರ್ನಾಟಕದಲ್ಲಿ 1965ರಿಂದ ಸಾರ್ವಜನಿಕ ಗ್ರಂಥಾಲಯ ಕಾಯಿದೆ ಇದೆ. ಆಸ್ತಿ ತೆರಿಗೆಯ ಜೊತೆಯಲ್ಲಿ ಜನ ಗ್ರಂಥಾಲಯ ಕರವನ್ನೂ ಕಟ್ಟುತ್ತಾರೆ. 2019ರಲ್ಲಿ ಗ್ರಾಮೀಣ ಗ್ರಂಥಾಲಯಗಳ ಹೊಣೆ ಪಂಚಾಯತ್ ರಾಜ್ ಇಲಾಖೆಗೆ ಬಂತು. 2020ರಲ್ಲಿ ರಾಜ್ಯದ ಡಿಜಿಟಲ್ ಸಾರ್ವಜನಿಕ ಗ್ರಂಥಾಲಯ ಆರಂಭವಾಯಿತು. ಹೆಜ್ಜೆ ಒಳ್ಳೆಯದೇ. ಆದರೆ ಶರಾವತಿಯ ವಿದ್ಯುತ್ತು ನಾಡಿಗೆಲ್ಲ ಹರಿದರೂ ಹಿನ್ನೀರಿನ ಊರುಗಳಲ್ಲಿ ಮಳೆಗಾಲದ ಕತ್ತಲೆ ಹೊಸದಲ್ಲ. ಕೋವಿಡ್ ಕಾಲದಲ್ಲಿ ಮಲೆನಾಡಿನ ಮಕ್ಕಳು ಸಿಗ್ನಲ್ ಹುಡುಕುತ್ತ ಗುಡ್ಡ ಹತ್ತಿ ಪಾಠ ಕೇಳಿದ್ದನ್ನು ನಾಡು ನೋಡಿದೆ. ಹೊಸ ರೈಲು ಊರು ಮುಟ್ಟುವ ಮೊದಲೇ ಹಳೆಯ ರೈಲು ನಿಲ್ಲಿಸಿದರೆ ಜನ ನಡೆದೇ ಹೋಗಬೇಕು. ಆದ್ದರಿಂದ ಹಳ್ಳಿಯ ಗ್ರಂಥಾಲಯದ ಕಪಾಟಿಗೆ ಕಾಗದದ ಪುಸ್ತಕ ಇನ್ನೂ ಬರುತ್ತಿರಬೇಕು.

ಇನ್ನೊಂದು ಪಾಲು ಊರಿನದು. ಕುವೆಂಪು ಅವರ ಪುಸ್ತಕವನ್ನು ಉಳಿಸಲು ಪ್ರಕಾಶಕರಿದ್ದಾರೆ, ವಿಶ್ವವಿದ್ಯಾಲಯಗಳಿವೆ. ಹೆಗ್ಗೋಡಿನ ಅಕ್ಷರ ಪ್ರಕಾಶನದಂಥ ಸಂಸ್ಥೆ ತನ್ನ ಪುಸ್ತಕಗಳನ್ನು ನೋಡಿಕೊಂಡೀತು. ಶಾಲೆಯ ಸ್ಮರಣ ಸಂಚಿಕೆ, ಸಹಕಾರ ಸಂಘದ ಹಳೆಯ ವರದಿ, ಎಲ್ಲೋ ಅಚ್ಚಾದ ಯಕ್ಷಗಾನ ಪ್ರಸಂಗ, ಅಜ್ಜಿ ಕೈಯಾರೆ ಬರೆದಿಟ್ಟ ಮದುವೆ ಹಾಡಿನ ಪುಸ್ತಕ ಇವಕ್ಕೆ ಯಾರಿದ್ದಾರೆ? ಇವುಗಳಲ್ಲಿ ಹಲವಕ್ಕೆ ಇರುವುದು ಒಂದೇ ಪ್ರತಿ. ಅದೂ ಅಟ್ಟದ ಮೇಲೆ.

ಕಾನೂನಿನ ಮಿತಿಯೂ ತಿಳಿದಿರಬೇಕು. ಲೇಖಕರು ತೀರಿಕೊಂಡ ಮೇಲೆ 60 ವರ್ಷ ಹಕ್ಕು ಅವರ ವಾರಸುದಾರರದು. 1964ರಲ್ಲಿ ತೀರಿಕೊಂಡ ಹಳಕಟ್ಟಿಯವರ ಬರಹಗಳು 2025ರ ಆರಂಭದಿಂದ ಎಲ್ಲರ ಸೊತ್ತು. 1994ರಲ್ಲಿ ಅಗಲಿದ ಕುವೆಂಪು ಅವರ ಕೃತಿಗಳಿಗೆ 2054ರ ಕೊನೆಯವರೆಗೆ ಅನುಮತಿ ಬೇಕು. ಹಕ್ಕು ಇದ್ದ ಕಡೆ ಕೇಳಿ ಪಡೆಯುವುದೇ ಸರಿಯಾದ ದಾರಿ.

ಕೆಲಸ ಕಷ್ಟದ್ದಲ್ಲ. ಬೆಳಕು ಚೆನ್ನಾಗಿರುವಲ್ಲಿ ಮೊಬೈಲ್ ಹಿಡಿದು ಪುಟಗಳ ಚಿತ್ರ ತೆಗೆಯಬಹುದು. ಪುಸ್ತಕದ ಹೆಸರು, ಬರೆದವರು, ವರ್ಷ, ಯಾರ ಮನೆಯದು ಎಂಬುದನ್ನು ಜೊತೆಯಲ್ಲೇ ಬರೆದಿಡಬೇಕು. ಹೆಸರಿಲ್ಲದ ಕಡತ ಕಳೆದುಹೋದ ಪುಸ್ತಕಕ್ಕೆ ಸಮ. ಕನಿಷ್ಠ ಮೂರು ಕಡೆ ಪ್ರತಿ ಇರಬೇಕು. ಬಿಡುವಿದ್ದವರು ಅದನ್ನು ಯೂನಿಕೋಡಿನಲ್ಲಿ ಟೈಪ್ ಮಾಡಬೇಕು. ಚಿತ್ರ ತೆಗೆದ ಮೇಲೆ ಮೂಲ ಪುಸ್ತಕವನ್ನು ರದ್ದಿಗೆ ಹಾಕದೆ ಕಾಪಾಡಬೇಕು. ಶಾಲೆಯ ಮಕ್ಕಳು ಒಂದು ಬೇಸಿಗೆ ರಜೆಯಲ್ಲಿ ಒಂದು ಊರಿನಷ್ಟು ಸಾಮಾನು ಇಳಿಸಿಯಾರು. ಮುಂಗಾರಿಗೆ ಮೊದಲು ಶುರುಮಾಡಿದರೆ ಒಂದು ಮಳೆಗಾಲದ ಬೂಷ್ಟಾದರೂ ತಪ್ಪೀತು.